ಮೆಡಿಯಾ ಸಿನಿಮಾ ನೋಡಬೇಕು ಅಂದರೆ ಯಾವುದನ್ನು ಆರಿಸಿಕೊಳ್ಳಬೇಕು?

ಪ್ರಾಚೀನ ಗ್ರೀಕ್ ನಾಟಕಕಾರ ಯೂರಿಪಿಡೀಸನ 'ಮೆಡಿಯಾ' ನಾಟಕ ಓದಿದವರು ಪುಸ್ತಕ ಮುಚ್ಚಿದ ಮೇಲೆ ಸಾಮಾನ್ಯವಾಗಿ ಕೇಳುವ ಪ್ರಶ್ನೆ ಒಂದು. ಇದನ್ನು ಯಾರಾದರೂ ಚೆನ್ನಾಗಿ ಸಿನಿಮಾ ಮಾಡಿದ್ದಾರಾ? ಮಾಡಿದ್ದಾರೆ. ಇಟಲಿಯಲ್ಲಿ, ಡೆನ್ಮಾರ್ಕಿನಲ್ಲಿ, ಗ್ರೀಸಿನಲ್ಲಿ, ಮೆಕ್ಸಿಕೋದಲ್ಲಿ, ಬೇರೆ ಬೇರೆ ಕಾಲದಲ್ಲಿ ಮಾಡಿದ್ದಾರೆ. ಒಂದು ಇನ್ನೊಂದರ ಹಾಗಿಲ್ಲ. ತಪ್ಪು ಸಿನಿಮಾದಿಂದ ಶುರು ಮಾಡಿ, ಅರ್ಧಕ್ಕೇ ನಿಲ್ಲಿಸಿ, 'ಇದು ನಮಗಲ್ಲ ಬಿಡಿ' ಅಂದವರನ್ನು ನೋಡಿ ನನಗೆ ಬೇಜಾರಾಗಿದೆ. ಯಾರು ಯಾವುದರಿಂದ ಶುರು ಮಾಡಬೇಕು ಅಂತ ಬರೆಯಬೇಕು ಅನ್ನಿಸಿದ್ದು ಅದಕ್ಕೇ.

ನಾಟಕ ಓದಿಲ್ಲದವರಿಗೆ ಕಥೆಯನ್ನು ಚುಟುಕಾಗಿ ಹೇಳಿಬಿಡುತ್ತೇನೆ. ಜೇಸನ್ ಎಂಬ ಗ್ರೀಕ್ ವೀರ ಚಿನ್ನದ ಉಣ್ಣೆಯನ್ನು ಹುಡುಕಿಕೊಂಡು ಕೋಲ್ಕಿಸ್‌ಗೆ ಹೋಗುತ್ತಾನೆ. ಈಗಿನ ಜಾರ್ಜಿಯಾ ದೇಶದಲ್ಲಿ, ಕಪ್ಪು ಸಮುದ್ರದ ದಂಡೆಯಲ್ಲಿದ್ದ ನಾಡು ಅದು. ಅಲ್ಲಿನ ರಾಜನ ಮಗಳು ಮೆಡಿಯಾ ಅವನನ್ನು ಪ್ರೀತಿಸುತ್ತಾಳೆ. ಅವನಿಗಾಗಿ ಅಪ್ಪನಿಗೆ ಮೋಸ ಮಾಡುತ್ತಾಳೆ, ಒಡಹುಟ್ಟಿದವನನ್ನು ಕೊಲ್ಲುತ್ತಾಳೆ, ಊರು ಬಿಟ್ಟು ಅವನ ಹಿಂದೆ ಬರುತ್ತಾಳೆ. ಇಬ್ಬರು ಗಂಡು ಮಕ್ಕಳಾಗುತ್ತಾರೆ. ಕೊರಿಂತ್ ನಗರದಲ್ಲಿ ನೆಲೆಸಿದ ಮೇಲೆ ಜೇಸನ್ ಅಲ್ಲಿನ ರಾಜ ಕ್ರಿಯಾನನ ಮಗಳನ್ನು ಮದುವೆಯಾಗುತ್ತಾನೆ. 'ನಿನ್ನ, ಮಕ್ಕಳ ಒಳ್ಳೆಯದಕ್ಕೇ ಇದು' ಅನ್ನುತ್ತಾನೆ ಬೇರೆ! ಕ್ರಿಯಾನ್ ಮೆಡಿಯಾಳನ್ನು ಗಡೀಪಾರು ಮಾಡುತ್ತಾನೆ. ಅವಳು ಒಂದೇ ಒಂದು ದಿನದ ಅವಕಾಶ ಬೇಡುತ್ತಾಳೆ. ಆ ಒಂದು ದಿನದಲ್ಲಿ ವಿಷ ಹಚ್ಚಿದ ಉಡುಗೊರೆ ಕಳಿಸಿ ಮದುಮಗಳನ್ನೂ ರಾಜನನ್ನೂ ಸಾಯಿಸುತ್ತಾಳೆ. ಕೊನೆಗೆ ತನ್ನದೇ ಮಕ್ಕಳನ್ನು ಕೊಂದು, ಅಜ್ಜನಾದ ಸೂರ್ಯದೇವ ಕೊಟ್ಟ ರಥ ಹತ್ತಿ ಹೊರಟುಹೋಗುತ್ತಾಳೆ.

ಕ್ರಿ.ಪೂ. 431ರಲ್ಲಿ ಅಥೆನ್ಸಿನ ಸ್ಪರ್ಧೆಯಲ್ಲಿ ಈ ನಾಟಕ ಆಡಿದಾಗ ಮೂವರಲ್ಲಿ ಯೂರಿಪಿಡೀಸನಿಗೆ ಸಿಕ್ಕಿದ್ದು ಮೂರನೆಯ ಸ್ಥಾನ. ಅಂದು ಕೂತು ನೋಡಿದವರಿಗೆ ಇದು ದೂರದ ಪುರಾಣದ ಕಥೆ ಮಾತ್ರ ಆಗಿರಲಿಲ್ಲ. ಅದಕ್ಕೆ 20 ವರ್ಷ ಮೊದಲು, ಕ್ರಿ.ಪೂ. 451ರಲ್ಲಿ, ತಂದೆ ತಾಯಿ ಇಬ್ಬರೂ ಅಥೆನ್ಸಿನವರಾಗಿದ್ದರೆ ಮಾತ್ರ ಮಕ್ಕಳಿಗೆ ಪೌರತ್ವ ಅಂತ ಅಲ್ಲಿನ ಮುಖಂಡ ಪೆರಿಕ್ಲೀಸ್ ಕಾನೂನು ತಂದಿದ್ದ. ಹೊರನಾಡಿನ ಹೆಂಡತಿ, ಅವಳ ಮಕ್ಕಳು ಅಂದರೆ ಏನು ಅಂತ ಅವರಿಗೆ ಚೆನ್ನಾಗಿ ಗೊತ್ತಿತ್ತು.

ನಾನು ಈ ಸಿನಿಮಾಗಳನ್ನು ಅಳೆಯುವುದು ಎರಡು ವಿಷಯದಿಂದ. ಒಂದು, ತವರು. ನಾಟಕದಲ್ಲಿ ಮೆಡಿಯಾ ಕೊರಿಂತಿನ ಹೆಂಗಸರಿಗೆ ಹೇಳುತ್ತಾಳೆ: ನಿಮಗೆ ಊರಿದೆ, ಅಪ್ಪನ ಮನೆಯಿದೆ, ನನಗೆ ಅಮ್ಮನೂ ಇಲ್ಲ, ಅಣ್ಣತಮ್ಮಂದಿರೂ ಇಲ್ಲ. ತವರು ಅನ್ನುವ ಪದ ಗೊತ್ತಿರುವ ನಮಗೆ ಈ ಮಾತಿನ ಭಾರ ವಿವರಿಸಿ ಹೇಳಬೇಕಾಗಿಲ್ಲ. ಗಂಡ ಕೈಬಿಟ್ಟ ದಿನ ಹೋಗುವುದಕ್ಕೆ ಅವಳಿಗೆ ಒಂದು ಬಾಗಿಲೂ ಇಲ್ಲ, ಆ ಬಾಗಿಲನ್ನು ಮುಚ್ಚಿಕೊಂಡು ಬಂದವಳೂ ಅವಳೇ. ಎರಡನೆಯದು, ಮಕ್ಕಳ ಸಾವು. ಗ್ರೀಕ್ ರಂಗದ ಮೇಲೆ ಕೊಲೆ ತೋರಿಸುತ್ತಿರಲಿಲ್ಲ. ಒಳಗಿನಿಂದ ಮಕ್ಕಳ ಕೂಗು ಕೇಳಿಸುತ್ತದೆ, ಹೊರಗೆ ನಿಂತ ಮೇಳ, ಅಂದರೆ ಆ ಕೊರಿಂತಿನ ಹೆಂಗಸರ ಗುಂಪು, 'ಒಳಗೆ ಹೋಗೋಣವೇ' ಅಂತ ಕಂಗೆಡುತ್ತದೆ, ಅಷ್ಟೇ. ಸಿನಿಮಾಗೆ ಆ ಬಾಗಿಲ ಮರೆ ಇಲ್ಲ. ಕ್ಯಾಮೆರಾವನ್ನು ಎಲ್ಲಿಡಬೇಕು ಅಂತ ನಿರ್ದೇಶಕ ತೀರ್ಮಾನ ಮಾಡಲೇಬೇಕು. ಅಲ್ಲಿ ಅವನು ಏನು ಮಾಡುತ್ತಾನೆ ಅನ್ನುವುದರಲ್ಲಿ ಅವನ ಮೆಡಿಯಾ ಯಾರು ಅನ್ನುವುದು ಗೊತ್ತಾಗಿಬಿಡುತ್ತದೆ.

ಪಾಸೊಲಿನಿಯ ಮೆಡಿಯಾ (1969)

ತವರನ್ನೇ ಕಣ್ಣಾರೆ ತೋರಿಸುವ ಸಿನಿಮಾ ಇದು. ಯೂರಿಪಿಡೀಸನ ನಾಟಕ ಶುರುವಾಗುವುದೇ ಕೊರಿಂತಿನಲ್ಲಿ. ಇಟಲಿಯ ನಿರ್ದೇಶಕ ಪಾಸೊಲಿನಿ ಹಾಗೆ ಮಾಡುವುದಿಲ್ಲ. ಅವನು ಮೊದಲು ಕೋಲ್ಕಿಸ್‌ಗೆ ಕರೆದುಕೊಂಡು ಹೋಗುತ್ತಾನೆ. ಟರ್ಕಿಯ ಕಪಡೋಕಿಯಾದಲ್ಲಿ, ಕಲ್ಲನ್ನು ಕೊರೆದು ಮಾಡಿದ ಗುಹೆಮನೆಗಳ ನಡುವೆ ಚಿತ್ರೀಕರಿಸಿದ ಭಾಗ ಅದು. ಬೆಳೆ ಬರಲಿ ಅಂತ ಒಬ್ಬ ಹುಡುಗನನ್ನು ಬಲಿ ಕೊಡುತ್ತಾರೆ. ಅವನ ರಕ್ತವನ್ನು ಜನ ಗಿಡಗಳಿಗೆ, ಎಲೆಗಳಿಗೆ ಸವರುತ್ತಾರೆ. ಮಾತೇ ಇಲ್ಲ. ಎಲ್ಲೆಲ್ಲಿಂದಲೋ ತಂದ ಹಳೆಯ ಸಂಗೀತ ಮಾತ್ರ, ಟಿಬೆಟಿನದು, ಜಪಾನಿನದು, ಇರಾನಿನದು. ಆ ವಿಧಿಯ ಮುಂದಾಳು ಮೆಡಿಯಾ. ಕುತ್ತಿಗೆ ತುಂಬ ಸರ, ಮೈ ತುಂಬ ಭಾರದ ಬಟ್ಟೆ.

ಆ ಮೆಡಿಯಾ ಮರಿಯಾ ಕಲ್ಲಾಸ್. 20ನೆಯ ಶತಮಾನದ ಅತಿ ದೊಡ್ಡ ಒಪೆರಾ ಗಾಯಕಿಯರಲ್ಲಿ ಒಬ್ಬಳು. ಕೆರುಬಿನಿಯ ಮೆಡಿಯಾ ಒಪೆರಾವನ್ನು 1953ರಿಂದ ಹಾಡಿ ಆ ಪಾತ್ರವನ್ನು ತನ್ನದಾಗಿಸಿಕೊಂಡಿದ್ದವಳು. ಅವಳು ಕಥಾಚಿತ್ರದಲ್ಲಿ ನಟಿಸಿದ್ದು ಇದೊಂದೇ. ಇದರಲ್ಲಿ ಅವಳು ಒಂದು ಸಾಲೂ ಹಾಡುವುದಿಲ್ಲ. ಆ ಕಂಠವನ್ನು ಬದಿಗಿಟ್ಟು ಪಾಸೊಲಿನಿ ಅವಳ ಮುಖವನ್ನು ಮಾತ್ರ ಬಳಸಿಕೊಳ್ಳುತ್ತಾನೆ. ಒಮ್ಮೆ ನಾನು ಇದನ್ನು ನೋಡುತ್ತಿದ್ದಾಗ ಅಮ್ಮ ಪಕ್ಕದಲ್ಲಿ ಹುಣಸೆಹಣ್ಣು ಬಿಡಿಸುತ್ತಾ ಕೂತಿದ್ದರು. ಸಬ್‌ಟೈಟಲ್ ಓದುವ ಗೋಜಿಗೆ ಅವರು ಹೋಗಲಿಲ್ಲ. ಸ್ವಲ್ಪ ಹೊತ್ತಿಗೆ ಕೈ ನಿಲ್ಲಿಸಿ, 'ಇವಳನ್ನು ಯಾರೋ ಬಿಟ್ಟು ಹೋಗಿದ್ದಾರೆ ಅಲ್ವಾ' ಅಂದರು. ಮುಖ ನೋಡಿಯೇ ಅಷ್ಟು ಗೊತ್ತಾಗಿತ್ತು.

ಜೇಸನ್ ಪಾತ್ರ ಮಾಡಿದ ಜುಸೆಪ್ಪೆ ಜೆಂಟೀಲೆ ನಟನೇ ಅಲ್ಲ, ತ್ರಿವಿಧ ಜಿಗಿತದ ಆಟಗಾರ. 1968ರ ಮೆಕ್ಸಿಕೋ ಒಲಿಂಪಿಕ್ಸಿನಲ್ಲಿ ಎರಡು ಸಲ ವಿಶ್ವದಾಖಲೆ ಮಾಡಿ, ಕೊನೆಗೆ ಕಂಚಿನ ಪದಕ ತೆಗೆದುಕೊಂಡವನು. ಚೆಂದದ ಮೈಕಟ್ಟು, ಏನನ್ನೂ ಆಳವಾಗಿ ಯೋಚಿಸದ ಮುಖ. ಈ ಜೇಸನ್‌ಗೆ ಬೇಕಾಗಿದ್ದೂ ಅದೇ.

ನನ್ನ ಮನಸ್ಸಿನಿಂದ ಹೋಗದ ದೃಶ್ಯ ಒಂದಿದೆ. ಮೆಡಿಯಾ ಗ್ರೀಕರ ನೆಲದ ಮೇಲೆ ಮೊದಲ ಸಲ ಕಾಲಿಡುತ್ತಾಳೆ. ಜೇಸನ್ ಮತ್ತು ಅವನ ಗೆಳೆಯರು ಸುಮ್ನೆ ಡೇರೆ ಹಾಕುತ್ತಿದ್ದಾರೆ. ಯಾರೂ ಪ್ರಾರ್ಥನೆ ಮಾಡಲಿಲ್ಲ, ನೆಲದ ನಡುವನ್ನು ಗುರುತಿಸಲಿಲ್ಲ. ಅವಳಿಗೆ ದಿಗಿಲಾಗುತ್ತದೆ. ಬಿರಿದ ಒಣ ನೆಲದ ಮೇಲೆ ಓಡಾಡಿ, ಮಾತಾಡು ಅಂತ ಭೂಮಿಯನ್ನು ಕೇಳುತ್ತಾಳೆ, ಸೂರ್ಯನನ್ನು ಕೇಳುತ್ತಾಳೆ. ಉತ್ತರ ಬರುವುದಿಲ್ಲ. ಅವಳ ದೇವರು ಅವಳ ಜೊತೆ ಬರಲಿಲ್ಲ. ಜೇಸನ್ ಮೋಸ ಮಾಡುವ ಎಷ್ಟೋ ಮೊದಲೇ ಅವಳು ಎಲ್ಲವನ್ನೂ ಕಳೆದುಕೊಂಡಾಗಿದೆ.

ಮಕ್ಕಳ ವಿಷಯಕ್ಕೆ ಬಂದರೆ, ಇಷ್ಟು ಮೆದುವಾಗಿ ಇಷ್ಟು ಭಯಾನಕವಾದದ್ದನ್ನು ತೋರಿಸಿದ ಇನ್ನೊಬ್ಬ ನಿರ್ದೇಶಕ ನನಗೆ ಗೊತ್ತಿಲ್ಲ. ಅಮ್ಮ ಮಗನಿಗೆ ಸ್ನಾನ ಮಾಡಿಸುತ್ತಾಳೆ. ಮೈ ಒರೆಸುತ್ತಾಳೆ. ಬಿಳಿ ಬಟ್ಟೆ ಹಾಕುತ್ತಾಳೆ. ತೊಡೆಯ ಮೇಲೆ ಕೂರಿಸಿಕೊಂಡು ಮಲಗಿಸುತ್ತಾಳೆ. ಆಮೇಲೆ ಚಾಕು ಕಾಣುತ್ತದೆ, ಅದರ ಮೇಲೆ ರಕ್ತ. ಇರಿತ ಕಾಣುವುದಿಲ್ಲ. ಆಮೇಲೆ ಎರಡನೆಯ ಮಗನನ್ನು ಕರೆಯುತ್ತಾಳೆ. ಮೊದಲು ನೋಡಿದ ಬಲಿ ನಿಮಗೆ ಇಲ್ಲಿ ನೆನಪಾಗದೆ ಇರುವುದಿಲ್ಲ. ಇವಳ ನಾಡಿನಲ್ಲಿ ಪ್ರೀತಿಯದ್ದನ್ನೇ ಬಲಿ ಕೊಡುತ್ತಿದ್ದರು.

ಇದನ್ನು ಯಾರಿಗೆ ಹೇಳುತ್ತೇನೆ? ನಿಧಾನಕ್ಕೆ ಹೆದರದವರಿಗೆ. ಕಥೆ ಮೊದಲೇ ಗೊತ್ತಿರಬೇಕು, ಯಾಕಂದರೆ ಪಾಸೊಲಿನಿ ವಿವರಿಸುವ ಗೋಜಿಗೆ ಹೋಗುವುದಿಲ್ಲ. ಅರ್ಧ ಮನುಷ್ಯ ಅರ್ಧ ಕುದುರೆಯಾದ ಸೆಂಟಾರ್ ಶುರುವಿನಲ್ಲೇ ಪುಟ್ಟ ಜೇಸನ್‌ಗೆ ಉದ್ದುದ್ದ ಪಾಠ ಹೇಳುತ್ತಾನೆ. ಅಷ್ಟರಲ್ಲೇ ಎದ್ದು ಹೋಗುವವರು ಬಹಳ. ಇನ್ನೊಂದು ಹತ್ತು ನಿಮಿಷ ಕೂತರೆ ಕೋಲ್ಕಿಸ್ ಬರುತ್ತದೆ. ಒಟ್ಟು ಎರಡು ಗಂಟೆಗೆ ಸ್ವಲ್ಪ ಕಡಿಮೆ. ಸರಿಪಡಿಸಿದ ಒಳ್ಳೆಯ ಪ್ರತಿ ಈಗ ಬ್ಲೂರೇಯಲ್ಲಿದೆ. ಮಾಸಿದ ಪ್ರತಿಯಲ್ಲಿ ಮಾತ್ರ ನೋಡಬೇಡಿ. ಆ ಕಲ್ಲು, ಆ ಬಟ್ಟೆಯ ಬಣ್ಣ ಕಾಣದಿದ್ದರೆ ಈ ಸಿನಿಮಾದ ಅರ್ಧ ಹೋದ ಹಾಗೆ.

ವಾನ್ ಟ್ರಯರ್‌ನ ಮೆಡಿಯಾ (1988)

ಇದಕ್ಕೆ ತದ್ವಿರುದ್ಧ ಡೆನ್ಮಾರ್ಕಿನ ಮೆಡಿಯಾ. ಟೆಲಿವಿಷನ್‌ಗಾಗಿ ಲಾರ್ಸ್ ವಾನ್ ಟ್ರಯರ್ ಮಾಡಿದ ಒಂದೂಕಾಲು ಗಂಟೆಯ ಸಿನಿಮಾ. ಮೂಲ ಚಿತ್ರಕಥೆ ಅವನದ್ದಲ್ಲ. ಮೂಕಿ ಚಿತ್ರಗಳ ಕಾಲದಿಂದ ಕೆಲಸ ಮಾಡಿದ ಕಾರ್ಲ್ ಡ್ರೆಯರ್, ಪ್ರೆಬೆನ್ ಥಾಮ್ಸೆನ್ ಜೊತೆ ಸೇರಿ ಬರೆದಿಟ್ಟಿದ್ದ. ಸಿನಿಮಾ ಮಾಡುವ ಮೊದಲೇ 1968ರಲ್ಲಿ ತೀರಿಕೊಂಡ. 20 ವರ್ಷದ ಮೇಲೆ ಅದನ್ನು ಕೈಗೆತ್ತಿಕೊಂಡ ವಾನ್ ಟ್ರಯರ್, ಇದು ಡ್ರೆಯರ್‌ನ ಸಿನಿಮಾ ಮಾಡುವ ಪ್ರಯತ್ನವಲ್ಲ, ಅವನಿಗೆ ಸಲ್ಲಿಸುವ ಗೌರವ ಅಂತ ಶುರುವಿನಲ್ಲೇ ಬರೆದು ತೋರಿಸುತ್ತಾನೆ.

ಇಲ್ಲಿ ಕೋಲ್ಕಿಸ್ ಇಲ್ಲ, ಮಾಟದ ಮೆರವಣಿಗೆ ಇಲ್ಲ, ಸೂರ್ಯನ ರಥ ಇಲ್ಲ. ಮೆಡಿಯಾ ಸಮುದ್ರದ ದಂಡೆಯ ಒದ್ದೆ ಮರಳಿನ ಮೇಲೆ ಅಂಗಾತ ಮಲಗಿದ್ದಾಳೆ. ಬೆರಳುಗಳು ಮರಳಿನೊಳಗೆ ಹೂತುಕೊಂಡಿವೆ. ನೀರು ಏರುತ್ತಾ ಬರುತ್ತದೆ. ಮೊದಲ ಚಿತ್ರವೇ ಇದು. ಮಂಜು, ಜೌಗು, ಬಾಗಿದ ಹುಲ್ಲು, ಗಾಳಿ. ಕಿರ್ಸ್ಟನ್ ಓಲೆಸೆನ್ ಮಾಡಿದ ಮೆಡಿಯಾ ತಲೆಗೆ ಬಿಗಿಯಾಗಿ ಬಟ್ಟೆ ಕಟ್ಟಿಕೊಂಡು, ಜೌಗಿನಲ್ಲಿ ವಿಷದ ಗಿಡ ಆರಿಸುವ ಒಬ್ಬ ದುಡಿಯುವ ಹೆಂಗಸು. ಅವಳ ತವರಿನ ಮಾತು ಹೆಚ್ಚಾಗಿ ಬರುವುದೇ ಇಲ್ಲ. ಹಾಗಾಗಿ ಇವಳು ಹೊರನಾಡಿನವಳು ಅನ್ನುವ ಎಳೆ ಇಲ್ಲಿ ತೆಳುವಾಗಿದೆ. ನನ್ನ ಪ್ರಕಾರ ಅದು ಈ ಸಿನಿಮಾದ ನಿಜವಾದ ಕೊರತೆ. ಅದರ ಬದಲು ಸಿಗುವುದು ಕಥೆಯ ಸ್ಪಷ್ಟತೆ. ಉಡೊ ಕಿಯರ್ ಮಾಡಿದ ಜೇಸನ್ ಏನು ಲೆಕ್ಕ ಹಾಕುತ್ತಿದ್ದಾನೆ, ಮದುಮಗಳು ಗ್ಲಾಕೆ ಯಾಕೆ ಮೆಡಿಯಾ ಊರು ಬಿಡುವ ತನಕ ಅವನನ್ನು ಹತ್ತಿರ ಸೇರಿಸುವುದಿಲ್ಲ, ಎಲ್ಲ ತಿಳಿಯುತ್ತದೆ. ವಿಷ ಕೆಲಸ ಮಾಡುವುದನ್ನು ಮೊದಲು ಒಂದು ಕುದುರೆಯ ಮೇಲೆ ತೋರಿಸುತ್ತಾನೆ. ಕಿರೀಟದ ಮುಳ್ಳು ತಗುಲಿದ ಕುದುರೆ ಓಡಿ ಓಡಿ ಬೀಳುತ್ತದೆ. ಆಮೇಲೆ ಮದುಮಗಳ ಬೆರಳಿಗೆ ಏನಾಗುತ್ತದೆ ಅಂತ ತೋರಿಸುವ ಅಗತ್ಯವೇ ಇರುವುದಿಲ್ಲ.

ಮಕ್ಕಳ ಸಾವಿನ ದೃಶ್ಯದ ಬಗ್ಗೆ ಮೊದಲೇ ಎಚ್ಚರಿಕೆ ಹೇಳಬೇಕು. ಇಲ್ಲಿ ಚಾಕು ಇಲ್ಲ. ಬಯಲಿನಲ್ಲಿ ಒಂಟಿ ಮರ, ಹಗ್ಗ. ಹಿರಿಯ ಮಗನಿಗೆ ಏನಾಗಲಿದೆ ಅಂತ ಗೊತ್ತು. ತಮ್ಮನ ವಿಷಯದಲ್ಲಿ ಅಮ್ಮನಿಗೆ ಅವನೇ ನೆರವಾಗುತ್ತಾನೆ. ಆಮೇಲೆ ತನ್ನ ಸರದಿ ಬಂದಾಗ, ಸಹಾಯ ಮಾಡಮ್ಮ ಅನ್ನುತ್ತಾನೆ. ಕ್ಯಾಮೆರಾ ಕಣ್ಣು ತಿರುಗಿಸುವುದಿಲ್ಲ. ಪಾಸೊಲಿನಿ ಉಳಿಸಿಕೊಂಡ ಮರೆಯನ್ನು ವಾನ್ ಟ್ರಯರ್ ಕಿತ್ತು ಎಸೆಯುತ್ತಾನೆ. ಇದು ಕ್ರೌರ್ಯದ ಪ್ರದರ್ಶನ ಅಂತ ಕೆಲವರು ಹೇಳುತ್ತಾರೆ. ನಾನು ಒಪ್ಪುವುದಿಲ್ಲ. ಆ ಹುಡುಗ ಅಮ್ಮನನ್ನು ನಂಬುತ್ತಾನಲ್ಲ, ಆ ನಂಬಿಕೆಯೇ ಮೆಡಿಯಾಳಿಗೆ ಸಿಗುವ ಶಿಕ್ಷೆ. ಇಡೀ ಕಥೆಯಲ್ಲಿ ಅವಳಿಗೆ ಮೋಸ ಮಾಡದೆ ಇದ್ದವನು ಅವನೊಬ್ಬನೇ. ಆದರೂ ಎಳೆಯ ಮಕ್ಕಳಿರುವ ತಂದೆ ತಾಯಂದಿರಿಗೆ, ಮಗುವನ್ನು ಕಳೆದುಕೊಂಡವರಿಗೆ ನಾನು ಇದನ್ನು ನೋಡಿ ಅನ್ನುವುದಿಲ್ಲ. ಬೇರೆ ದಾರಿ ಇದೆ, ಮುಂದೆ ಹೇಳುತ್ತೇನೆ.

ಚಿತ್ರದ ಗುಣಮಟ್ಟದ ಬಗ್ಗೆ ಒಂದು ಮಾತು. ಮಸುಕು, ಕಾಳುಕಾಳು, ಬಣ್ಣ ಬಸಿದುಹೋದ ಹಾಗೆ ಕಾಣುತ್ತದೆ. ಡೌನ್‌ಲೋಡ್ ಸರಿಯಾಗಿಲ್ಲ ಅಂತ ಇನ್ನೊಂದು ಪ್ರತಿ ಹುಡುಕುತ್ತಾ ಕೂರಬೇಡಿ. ವಿಡಿಯೋದಲ್ಲಿ ತೆಗೆದು, ಫಿಲ್ಮಿಗೆ ಹಾಕಿ, ಮತ್ತೆ ವಿಡಿಯೋಗೆ ತಂದು ಬೇಕೆಂದೇ ಹಾಗೆ ಮಾಡಿದ್ದಾರೆ. ದೀಪ ಆರಿಸಿ ನೋಡಿ. ಹಗಲು ಬೆಳಕಿನಲ್ಲಿ ಮೊಬೈಲಿನಲ್ಲಿ ನೋಡಿದರೆ ಏನೂ ಕಾಣುವುದಿಲ್ಲ.

ಮೊದಲ ಸಲ ಮೆಡಿಯಾ ನೋಡುವವರಿಗೆ, ಮೇಲಿನ ಎಚ್ಚರಿಕೆಯ ಜೊತೆಗೇ, ನಾನು ಹೇಳುವುದು ಇದನ್ನೇ. ಪಾಸೊಲಿನಿಯದ್ದು ದೊಡ್ಡ ಸಿನಿಮಾ, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಬಾಗಿಲು ತೆರೆದು ಒಳಗೆ ಕರೆಯುವುದು ಇದು.

ಬೇರೆ ದಾರಿಗಳು

ಅಮೆರಿಕದಿಂದ ಹೊರಬಿದ್ದು ಯುರೋಪಿನಲ್ಲಿ ಸಿನಿಮಾ ಮಾಡಿದ ಜೂಲ್ಸ್ ಡಾಸಿನ್ 1978ರಲ್ಲಿ 'ಎ ಡ್ರೀಮ್ ಆಫ್ ಪ್ಯಾಶನ್' ತೆಗೆದ. ಇದು ಮೆಡಿಯಾಳ ಕಥೆಯಲ್ಲ, ಮೆಡಿಯಾ ಪಾತ್ರ ಮಾಡುವವಳ ಕಥೆ. ಮಾಯಾ ಎಂಬ ಪ್ರಸಿದ್ಧ ನಟಿ ಗ್ರೀಸಿನಲ್ಲಿ ಮೆಡಿಯಾ ತಾಲೀಮು ಮಾಡುತ್ತಿದ್ದಾಳೆ. ಆ ಪಾತ್ರ ಮಾಡಿದ್ದು ಮೆಲಿನಾ ಮೆರ್ಕೂರಿ, ಮುಂದೆ 1981ರಲ್ಲಿ ಗ್ರೀಸಿನ ಸಂಸ್ಕೃತಿ ಸಚಿವೆಯಾದವಳು. ಅದೇ ಊರಿನ ಜೈಲಿನಲ್ಲಿ ಬ್ರೆಂಡಾ ಎಂಬ ಅಮೆರಿಕದ ಹೆಂಗಸಿದ್ದಾಳೆ. ಗಂಡ ಇನ್ನೊಬ್ಬಳ ಹಿಂದೆ ಹೋದಾಗ ತನ್ನ ಮಕ್ಕಳನ್ನು ಕೊಂದವಳು. ಎಲೆನ್ ಬರ್ಸ್ಟಿನ್ ಮಾಡಿದ ಪಾತ್ರ. ಮಾಯಾ ಅವಳನ್ನು ನೋಡಲು ಹೋಗುತ್ತಾಳೆ, ಆದರೆ ಪ್ರಚಾರಕ್ಕಾಗಿ. ಫೋಟೋ ತೆಗೆಯುವವರು ಒಳನುಗ್ಗುತ್ತಾರೆ, ಬ್ರೆಂಡಾ ಚೀರುತ್ತಾಳೆ. ಜೇಸನ್ ಮಾಡಿದ್ದನ್ನೇ ಮೆಡಿಯಾ ಪಾತ್ರಧಾರಿಯೂ ಮಾಡಿಬಿಟ್ಟಳಲ್ಲ ಅಂತ ನನಗೆ ಅಲ್ಲಿ ಚುರುಕ್ ಅಂದಿತು. ಮಾಯಾ ನಾಚಿಕೆಯಿಂದ ಮತ್ತೆ ಹೋಗುತ್ತಾಳೆ, ಈ ಸಲ ಕೇಳಿಸಿಕೊಳ್ಳುವುದಕ್ಕೆ. ತಾಲೀಮಿನ ಚರ್ಚೆಗಳು ಎಳೆದ ಹಾಗಿವೆ, ನಿಜ. ಆದರೆ ಬರ್ಸ್ಟಿನ್ ಮಾತಾಡುವಾಗ ಉಸಿರು ಬಿಗಿಹಿಡಿದು ಕೂತಿದ್ದೆ. ನಾಟಕ ಮಾಡುವವರು, ರಂಗತಂಡದಲ್ಲಿ ಇರುವವರು ಮೊದಲು ಇದನ್ನು ನೋಡಿ. ಬಹುಪಾಲು ಇಂಗ್ಲಿಷಿನಲ್ಲಿರುವುದರಿಂದ ಸಬ್‌ಟೈಟಲ್ ಕಾಟವೂ ಕಡಿಮೆ.

ಮೆಕ್ಸಿಕೋದ ಆರ್ತುರೊ ರಿಪ್ಸ್ಟೀನ್ 2000ದಲ್ಲಿ ಮಾಡಿದ್ದು ಗ್ರೀಕ್ ನಾಟಕವನ್ನಲ್ಲ, ರೋಮಿನ ಸೆನೆಕಾ ಬರೆದ ಮೆಡಿಯಾವನ್ನು. ಸೆನೆಕಾ ಕೊಲೆಯನ್ನು ಮರೆಯಲ್ಲಿ ಇಡುವವನಲ್ಲ. ರಿಪ್ಸ್ಟೀನ್ ಅದನ್ನು ಮೆಕ್ಸಿಕೋ ಸಿಟಿಯ ಒಂದು ವಠಾರಕ್ಕೆ ತರುತ್ತಾನೆ. ಔಷಧಿ ಕೊಡುವ ಹೆಂಗಸು, ಬಾಕ್ಸರ್ ಗಂಡ, ವಠಾರದ ಯಜಮಾನನ ಮಗಳು. ಟಿವಿಯಲ್ಲಿ ಬರುವ ಹಾಡುಗಾರರೇ ಮೇಳ. ಈ ಕಥೆ ನಮ್ಮ ಕಾಲದಲ್ಲಿ, ನಮ್ಮಂಥ ಬೀದಿಯಲ್ಲಿ ನಡೆದರೆ ಹೇಗಿರುತ್ತದೆ ಅನ್ನುವ ಕುತೂಹಲ ಇದ್ದವರಿಗೆ ಮಾತ್ರ. ನನಗೆ ಅದರ ಏರುದನಿ ಸ್ವಲ್ಪ ಜಾಸ್ತಿ ಆಯಿತು.

ಆಗ ಹೇಳಿದ ಬೇರೆ ದಾರಿ ಅಂದರೆ ರಂಗಪ್ರಯೋಗದ ಚಿತ್ರೀಕರಣ. ಲಂಡನ್ನಿನ ನ್ಯಾಷನಲ್ ಥಿಯೇಟರ್‌ನಲ್ಲಿ 2014ರಲ್ಲಿ ಹೆಲೆನ್ ಮೆಕ್ರೋರಿ ಮಾಡಿದ ಮೆಡಿಯಾ. ನಿರ್ದೇಶನ ಕ್ಯಾರಿ ಕ್ರ್ಯಾಕ್ನೆಲ್. ಇಲ್ಲಿ ಮೇಳ ಇದೆ, ವಾದ ಇದೆ, ಕೊಲೆ ಮರೆಯಲ್ಲೇ ನಡೆಯುತ್ತದೆ. ಸಿನಿಮಾಗಳಲ್ಲಿ ಮೆಡಿಯಾಳ ಮಾತು ತುಂಬಾ ಕಡಿಮೆಯಾಗಿದೆ ಅಂತ ಅನ್ನಿಸಿದವರು ಇದನ್ನು ನೋಡಬೇಕು. ಒಂದು ಮಗು ಹೆರುವುದಕ್ಕಿಂತ ಮೂರು ಸಲ ಗುರಾಣಿ ಹಿಡಿದು ಯುದ್ಧದಲ್ಲಿ ನಿಲ್ಲುವುದು ಮೇಲು ಅನ್ನುವವಳು ಮೆಡಿಯಾ. ಅವಳು ಯೋಚಿಸುತ್ತಾಳೆ, ವಾದಿಸುತ್ತಾಳೆ, ಮಕ್ಕಳನ್ನು ನೋಡಿ ಮನಸ್ಸು ಬದಲಾಯಿಸುತ್ತಾಳೆ, ಮತ್ತೆ ಗಟ್ಟಿಮಾಡಿಕೊಳ್ಳುತ್ತಾಳೆ. ತಾನು ಮಾಡಹೊರಟಿದ್ದು ಕೆಟ್ಟದ್ದು ಅಂತ ಗೊತ್ತಿದ್ದೇ ಮಾಡುತ್ತಾಳೆ. ಪಾಸೊಲಿನಿಯೂ ವಾನ್ ಟ್ರಯರೂ ಈ ಮಾತುಗಾರ್ತಿಯನ್ನು ಹೆಚ್ಚುಕಡಿಮೆ ಮೂಕಿ ಮಾಡಿದ್ದಾರೆ. ಕೊನೆಯಲ್ಲಿ ಮೆಕ್ರೋರಿ ಇಬ್ಬರು ಮಕ್ಕಳ ಹೆಣವನ್ನೂ ಮಲಗುವ ಚೀಲದ ಸಮೇತ ಹೊತ್ತುಕೊಂಡು ಕಾಡಿನ ಕಡೆ ನಡೆಯುತ್ತಾಳೆ. ರಥ ಇಲ್ಲ, ಭಾರ ಇದೆ.

ಯಾವುದನ್ನು ಆರಿಸಿದರೂ ಮೊದಲು ನಾಟಕ ಓದಿಕೊಳ್ಳಿ. 1400 ಚಿಲ್ಲರೆ ಸಾಲು, ಒಂದು ಸಂಜೆಯ ಓದು. ಗ್ರೀಕ್ ರುದ್ರನಾಟಕ ಕನ್ನಡಕ್ಕೆ ದೂರದ್ದೇನೂ ಅಲ್ಲ. ಸೊಫೊಕ್ಲೀಸನ ಅಜಾಕ್ಸ್‌ನನ್ನು ಬಿಎಂಶ್ರೀ ಅಶ್ವತ್ಥಾಮನನ್ನಾಗಿ ಮಾಡಿ ನಮ್ಮ ಮುಂದೆ ನಿಲ್ಲಿಸಿ ಎಷ್ಟೋ ವರ್ಷವಾಯಿತು. ಎರಡು ಮೆಡಿಯಾ ಸಿನಿಮಾಗಳನ್ನು ಒಂದೇ ದಿನ ನೋಡಬೇಡಿ. ನಾನು ಒಂದು ಭಾನುವಾರ ಹಾಗೆ ಮಾಡಿ, ರಾತ್ರಿ ಊಟ ಸೇರಲಿಲ್ಲ. ನಡುವೆ ಒಂದು ವಾರವಾದರೂ ಇರಲಿ.

ಪಾಸೊಲಿನಿಯ ಸಿನಿಮಾ ನೋಡುವಾಗ ಒಂದನ್ನು ಗಮನಿಸಿ. ಮದುಮಗಳ ಸಾವು ಅದರಲ್ಲಿ ಎರಡು ಸಲ ಬರುತ್ತದೆ. ತಪ್ಪಾಗಿ ಎರಡು ಸಲ ಹಾಕಿದ್ದಾರೇನೋ ಅಂತ ರಿಮೋಟ್ ಒತ್ತಬೇಡಿ. ಮೊದಲನೆಯದು ಮೆಡಿಯಾ ಮನಸ್ಸಿನಲ್ಲಿ ಕಂಡದ್ದು: ಬಟ್ಟೆಗೆ ಬೆಂಕಿ ಹತ್ತಿಕೊಳ್ಳುತ್ತದೆ, ಹುಡುಗಿ ಉರಿದುಹೋಗುತ್ತಾಳೆ. ಎರಡನೆಯದರಲ್ಲಿ ಬೆಂಕಿಯೇ ಇಲ್ಲ. ಗ್ಲಾಕೆ ಮೆಡಿಯಾಳ ಬಟ್ಟೆ ಹಾಕಿಕೊಂಡು ಕನ್ನಡಿ ನೋಡಿಕೊಳ್ಳುತ್ತಾಳೆ. ಆ ಕನ್ನಡಿಯಲ್ಲಿ ಅವಳಿಗೆ ಏನು ಕಂಡಿತು ಅಂತ ಯಾರೂ ಹೇಳುವುದಿಲ್ಲ. ಅಳುತ್ತಾ ಹೊರಗೆ ಓಡುತ್ತಾಳೆ, ಕೋಟೆಯ ಗೋಡೆ ಹತ್ತಿ ಕೆಳಗೆ ಹಾರುತ್ತಾಳೆ. ಅಪ್ಪ ಹಿಂದೆಯೇ ಹಾರುತ್ತಾನೆ. ಆ ಕನ್ನಡಿಯ ಹತ್ತಿರ ಒಂದು ನಿಮಿಷ ಸಿನಿಮಾ ನಿಲ್ಲಿಸಿ, ಅವಳ ಮುಖ ನೋಡಿ.